ಹಳದಿ ಗೆರೆಯ ಪಾಠ: ಜಮಖಂಡಿ, ಗುಂಟೂರು, ವಿಶಾಖಪಟ್ಟಣ

ವಿಶಾಖಪಟ್ಟಣದ ಬಂದರಿನಲ್ಲಿ, ಉಕ್ಕಿನ ಕಾರ್ಖಾನೆಯಲ್ಲಿ, ವಿಜಯವಾಡದ ರೈಲ್ವೆ ಕಚೇರಿಗಳಲ್ಲಿ, ಅಂಗಡಿ ಹೋಟೆಲುಗಳಲ್ಲಿ ದುಡಿಯುವ ನಮ್ಮವರಿಗೆ ಖಗೋಳ ವಿಜ್ಞಾನವೆಂದರೆ ಬಹು ದೂರದ ಮಾತೆಂದು ತೋರುವುದು ಸಹಜ. ಆಕಾಶದ ಸಂಶೋಧನೆಯೆಲ್ಲ ಪರದೇಶದ ಬೆಟ್ಟಗಳ ಮೇಲೆ, ದೊಡ್ಡ ದೊಡ್ಡ ಪಂಡಿತರು ಮಾಡುವ ಕೆಲಸ. ದಿನಗೂಲಿಯವನಿಗೂ ಗುಮಾಸ್ತನಿಗೂ ಅದರಲ್ಲಿ ಏನು ಪಾಲು ಎಂದು ನಾವು ಸುಮ್ಮನಾಗಿಬಿಡುತ್ತೇವೆ. ಈ ಸಂಚಿಕೆಯ ಪಾಠದಲ್ಲಿ ನಾವು ಹೇಳಹೊರಟಿರುವುದು ಬೇರೆಯೇ ಸಂಗತಿ. ಸೂರ್ಯನಲ್ಲಿ ಏನಿದೆ ಎಂಬ ಪ್ರಶ್ನೆಗೆ ಉತ್ತರ ಸಿಕ್ಕ ದಾರಿಯ ಒಂದು ಮುಖ್ಯ ಮೆಟ್ಟಿಲು, ನಾವು ಇಂದು ಅನ್ನ ಸಂಪಾದಿಸುತ್ತಿರುವ ಈ ಸೀಮೆಯಲ್ಲಿಯೂ, ನಾವು ಬಿಟ್ಟುಬಂದ ಕನ್ನಡ ನಾಡಿನಲ್ಲಿಯೂ ಒಂದೇ ದಿನ ಬೆಳಗ್ಗೆ ಕಟ್ಟಲ್ಪಟ್ಟಿತು. ಅದನ್ನು ಕ್ರಮವಾಗಿ ತಿಳಿಯೋಣ.

ಬೆಳಕನ್ನು ಓದುವ ಬಗೆ

ಮೊದಲು ಅಡಿಗೆಮನೆಯಿಂದಲೇ ಆರಂಭಿಸಬಹುದು. ಅನ್ನ ಉಕ್ಕಿ ಉಪ್ಪುನೀರು ಒಲೆಯ ಮೇಲೆ ಬಿದ್ದಾಗ ಗ್ಯಾಸಿನ ನೀಲಿ ಉರಿ ಕ್ಷಣಕಾಲ ಹಳದಿಯಾಗುವುದನ್ನು ಎಲ್ಲರೂ ಕಂಡಿದ್ದೇವೆ. ಆ ಹಳದಿ ಬಣ್ಣ ಉಪ್ಪಿನಲ್ಲಿರುವ ಸೋಡಿಯಂ ಎಂಬ ಧಾತುವಿನದು. ಆ ಬೆಳಕನ್ನು ಗಾಜಿನ ಪಟ್ಟಕದ ಮೂಲಕ ಹಾಯಿಸಿ ನೋಡಿದರೆ, ಕಾಮನಬಿಲ್ಲಿನಂತೆ ಏಳು ಬಣ್ಣಗಳು ಹರಡಿಕೊಳ್ಳುವುದಿಲ್ಲ. ಹಳದಿಯ ಜಾಗದಲ್ಲಿ ಒಂದಕ್ಕೊಂದು ಅಂಟಿದಂತಿರುವ ಎರಡು ಸಣ್ಣ ಗೆರೆಗಳು ಮಾತ್ರ ಹೊಳೆಯುತ್ತವೆ. ಹೀಗೆ ಬೆಳಕನ್ನು ಬಿಡಿಸಿ ತೋರಿಸುವ ಯಂತ್ರಕ್ಕೆ ರೋಹಿತದರ್ಶಕವೆಂದು ಹೆಸರು.

ಪ್ರತಿಯೊಂದು ಧಾತುವೂ ಕಾದು ಅನಿಲರೂಪದಲ್ಲಿ ಹೊಳೆಯುವಾಗ ತನ್ನದೇ ಗೆರೆಗಳನ್ನು ತೋರಿಸುತ್ತದೆ. ಒಂದರ ಗೆರೆಗಳ ಜೋಡಣೆ ಇನ್ನೊಂದಕ್ಕಿಲ್ಲ. ಕಚೇರಿಯ ಕಾಗದದಲ್ಲಿ ಹೆಬ್ಬೆಟ್ಟಿನ ಗುರುತು ಇದ್ದಂತೆ ಇದು. ಜರ್ಮನಿಯ ಕಿರ್ಕಾಫ್ ಮತ್ತು ಬುನ್ಸೆನ್ ಎಂಬ ಇಬ್ಬರು ವಿಜ್ಞಾನಿಗಳು 1859-60ರಲ್ಲಿ ಈ ತತ್ತ್ವವನ್ನು ಸ್ಥಾಪಿಸಿದರು. ಅಲ್ಲಿಯವರೆಗೆ ಸೂರ್ಯನನ್ನು ಕೈಯಿಂದ ಮುಟ್ಟಲಾಗದು, ಆದುದರಿಂದ ಅದು ಯಾವ ವಸ್ತುವಿನಿಂದ ಆಗಿದೆಯೆಂದು ತಿಳಿಯಲೂ ಆಗದು ಎಂಬ ನಂಬಿಕೆಯಿತ್ತು. ಈಗ ಮುಟ್ಟದೆಯೇ ತಿಳಿಯುವ ಉಪಾಯ ದೊರೆಯಿತು.

ಆದರೂ ಒಂದು ತೊಡಕಿತ್ತು. ಖಗ್ರಾಸ ಗ್ರಹಣದ ಕಾಲದಲ್ಲಿ ಸೂರ್ಯನ ಅಂಚಿನಿಂದ ಕೆಂಪು ನಾಲಿಗೆಗಳಂತಹ ಚಾಚಿಕೆಗಳು ಹೊರಗೆ ಚಾಚಿರುವುದನ್ನು ಜನರು ನೋಡಿದ್ದರು. ಅವು ಮೋಡಗಳೋ, ಉರಿಯುವ ಅನಿಲವೋ ನಿಶ್ಚಯವಾಗಿರಲಿಲ್ಲ. ಗ್ರಹಣವಿಲ್ಲದ ದಿನ ಸೂರ್ಯನ ಪ್ರಖರ ಬೆಳಕಿನಲ್ಲಿ ಅವು ಕಾಣುತ್ತಿರಲಿಲ್ಲ. ರೋಹಿತದರ್ಶಕವನ್ನು ಹಿಡಿದು ಮುಂದಿನ ದೊಡ್ಡ ಗ್ರಹಣಕ್ಕೆ ಕಾಯುವುದೊಂದೇ ದಾರಿಯಾಗಿತ್ತು.

1868ರ ಆಗಸ್ಟ್ 18

ಆ ಗ್ರಹಣ ಬಂದುದು ನಮ್ಮ ದೇಶಕ್ಕೆ. 1868ರ ಆಗಸ್ಟ್ 18ರ ಬೆಳಗ್ಗೆ ಚಂದ್ರನ ನೆರಳು ಪಶ್ಚಿಮ ಕರಾವಳಿಯಲ್ಲಿ ನೆಲಮುಟ್ಟಿ, ಜಮಖಂಡಿ, ಬಿಜಾಪುರಗಳ ಸೀಮೆಯನ್ನು ದಾಟಿ, ಗುಂಟೂರು, ಮಚಲೀಪಟ್ಟಣಗಳ ಮೇಲೆ ಹಾದು ಬಂಗಾಳ ಕೊಲ್ಲಿಗೆ ಇಳಿಯಿತು. ಭೂಪಟವನ್ನು ಎದುರಿಗಿಟ್ಟುಕೊಂಡು ನೋಡಿದರೆ, ಕೃಷ್ಣಾನದಿ ಜಮಖಂಡಿಯ ಕಡೆಯಿಂದ ಹೊರಟು ವಿಜಯವಾಡವನ್ನು ಹಾದು ಸಮುದ್ರ ಸೇರುವ ದಿಕ್ಕಿಗೇ ಆ ನೆರಳೂ ಸಾಗಿತೆಂದು ಕಾಣುತ್ತದೆ. ನದಿ ಬಹು ದಿನಗಳಲ್ಲಿ ನಡೆಯುವ ದಾರಿಯನ್ನು ನೆರಳು ನಿಮಿಷಗಳಲ್ಲಿ ಮುಗಿಸಿತು. ಪೂರ್ಣ ಕತ್ತಲೆ ಐದು ನಿಮಿಷಕ್ಕೂ ಹೆಚ್ಚು ಕಾಲ ಇದ್ದುದರಿಂದ ಇದು ಅಪೂರ್ವ ಗ್ರಹಣವೆನಿಸಿತ್ತು.

ಜಮಖಂಡಿಯಲ್ಲಿ ಲೆಫ್ಟಿನೆಂಟ್ ಜಾನ್ ಹರ್ಷೆಲ್ ಕಾದಿದ್ದರು. ಇವರು ಭೂಮಾಪನ ಇಲಾಖೆಯ ಅಧಿಕಾರಿ. ಯುರೇನಸ್ ಗ್ರಹವನ್ನು ಕಂಡುಹಿಡಿದ ವಿಲಿಯಂ ಹರ್ಷೆಲರ ಮೊಮ್ಮಗ. ಮಳೆಗಾಲದ ಮೋಡ ಅವರನ್ನು ಬಹಳ ಕಾಡಿತು. ಆದರೂ ಮೋಡದ ಬಿರುಕಿನಲ್ಲಿ ಸಿಕ್ಕ ಅಲ್ಪ ಸಮಯದಲ್ಲೇ ಚಾಚಿಕೆಯ ಬೆಳಕಿನಲ್ಲಿ ಮೂರು ಗೆರೆಗಳನ್ನು ಕಂಡರು: ಕೆಂಪು, ಕಿತ್ತಳೆ, ನೀಲಿ. ಗುಂಟೂರಿನಲ್ಲಿ ಮೇಜರ್ ಟೆನೆಂಟರ ತಂಡವೂ, ಪ್ಯಾರಿಸಿನಿಂದ ಬಂದ ಪಿಯರ್ ಜಾನ್ಸೆನ್ ಎಂಬ ವಿಜ್ಞಾನಿಯೂ ಇದ್ದರು. ಮಚಲೀಪಟ್ಟಣದಲ್ಲಿ ಮದರಾಸು ವೇಧಶಾಲೆಯ ಮುಖ್ಯಸ್ಥರಾದ ಪಾಗ್ಸನ್ ಇದ್ದರು. ಎಲ್ಲರೂ ಕಂಡದ್ದು ಹೊಳೆಯುವ ಗೆರೆಗಳನ್ನೇ. ಚಾಚಿಕೆಗಳು ಉರಿಯುವ ಅನಿಲವೆಂದು, ಮುಖ್ಯವಾಗಿ ಜಲಜನಕವೆಂದು, ಆ ಒಂದು ಬೆಳಗ್ಗೆಯೇ ಇತ್ಯರ್ಥವಾಯಿತು.

ಜಾನ್ಸೆನ್ ಅಷ್ಟಕ್ಕೆ ತೃಪ್ತರಾಗಲಿಲ್ಲ. ಗೆರೆಗಳು ಇಷ್ಟು ಪ್ರಕಾಶವಾಗಿರುವಾಗ ಗ್ರಹಣವಿಲ್ಲದೆಯೂ ಇವನ್ನು ನೋಡಬಾರದೇಕೆ ಎಂದು ಅವರಿಗೆ ಹೊಳೆಯಿತು. ಮರುದಿನ, ಆಗಸ್ಟ್ 19ರಂದು, ಗುಂಟೂರಿನಲ್ಲಿಯೇ ಯಂತ್ರವನ್ನು ಸೂರ್ಯನ ಅಂಚಿಗೆ ತಿರುಗಿಸಿದರು. ಗೆರೆಗಳು ಹಗಲಿನಲ್ಲಿಯೇ ಕಂಡವು. ಇದು ಹೇಗೆ ಸಾಧ್ಯವಾಯಿತೆಂದರೆ, ಒಂದು ಚೊಂಬು ನೀರಿನಲ್ಲಿ ನಾಲ್ಕು ಹರಳು ಹಾಕಿ ಅಂಗಳದಲ್ಲಿ ಚೆಲ್ಲಿದರೆ ನೀರು ಹರಡಿ ತೆಳುವಾಗುತ್ತದೆ, ಹರಳುಗಳು ಹರಳುಗಳಾಗಿಯೇ ಉಳಿಯುತ್ತವೆ. ಅದರಂತೆ ರೋಹಿತದರ್ಶಕವು ಆಕಾಶದ ಬಿಳಿಯ ಬೆಳಕನ್ನು ಉದ್ದಕ್ಕೆ ಹರಡಿ ಮಂದಗೊಳಿಸುತ್ತದೆ. ಅನಿಲದ ಗೆರೆ ಒಂದೇ ಕಡೆ ನಿಲ್ಲುವುದರಿಂದ ಎದ್ದು ಕಾಣುತ್ತದೆ. ವರ್ಷಗಟ್ಟಲೆ ಗ್ರಹಣಕ್ಕೆ ಕಾಯುವ ಕಷ್ಟ ಅಂದಿಗೆ ತಪ್ಪಿತು.

ಯಾರಿಗೆ ಸಲ್ಲಬೇಕು?

ಗುಂಟೂರಿನಲ್ಲಿ ಹೀಲಿಯಂ ಅನಿಲವನ್ನು ಕಂಡುಹಿಡಿದರು ಎಂಬ ಮಾತು ಈಚೆಗೆ ಬಾಯಿಂದ ಬಾಯಿಗೆ ಹರಿದಾಡುತ್ತಿದೆ. ಅಭಿಮಾನಕ್ಕೆ ಇದು ಹಿತವೇ. ಆದರೆ ಪಾಠವೆಂದ ಮೇಲೆ ಲೆಕ್ಕ ಸರಿಯಾಗಿರಬೇಕು.

ಗ್ರಹಣದ ದಿನ ಹಳದಿಯ ಜಾಗದಲ್ಲಿ ಒಂದು ಗೆರೆ ಕಂಡದ್ದು ನಿಜ. ಹೆಚ್ಚಿನವರು ಅದನ್ನು ಉಪ್ಪಿನ ಸೋಡಿಯಂ ಗೆರೆಯೆಂದೇ ಬಗೆದರು. ಜಾನ್ಸೆನ್ ಸೆಪ್ಟೆಂಬರ್ 19ರಂದು ಕಾಕಿನಾಡದಿಂದ ಪ್ಯಾರಿಸಿಗೆ ಬರೆದ ಕಾಗದದಲ್ಲಿದ್ದುದು ಹಗಲಿನಲ್ಲಿ ಚಾಚಿಕೆಗಳನ್ನು ನೋಡುವ ವಿಧಾನವೇ ಹೊರತು ಹೊಸ ಧಾತುವಿನ ವಿಷಯವಲ್ಲ. ಇತ್ತ ಇಂಗ್ಲೆಂಡಿನಲ್ಲಿ ನಾರ್ಮನ್ ಲಾಕ್ಯರ್ ಎಂಬವರು ಅಕ್ಟೋಬರ್ 20ರಂದು ಸ್ವತಂತ್ರವಾಗಿ ಅದೇ ವಿಧಾನದಲ್ಲಿ ಯಶಸ್ವಿಯಾದರು. ಈ ಲಾಕ್ಯರ್ ಹೊಟ್ಟೆಪಾಡಿಗೆ ಯುದ್ಧ ಇಲಾಖೆಯಲ್ಲಿ ಗುಮಾಸ್ತರಾಗಿದ್ದವರು. ಆಕಾಶವನ್ನು ನೋಡುತ್ತಿದ್ದುದು ಕಚೇರಿಯ ಕೆಲಸ ಮುಗಿದ ಮೇಲೆ. ಗುಮಾಸ್ತ ಬಂಧುಗಳು ಇದನ್ನು ನೆನಪಿಡಬೇಕು. ಇಬ್ಬರ ವರದಿಗಳೂ ಅಕ್ಟೋಬರ್ 26ರಂದು, ಒಂದೇ ದಿನ, ಪ್ಯಾರಿಸಿನ ವಿಜ್ಞಾನ ಪರಿಷತ್ತಿನ ಮುಂದೆ ಬಂದವು. ಜಗಳವಾಡುವುದಕ್ಕೆ ಬದಲು ಫ್ರೆಂಚರು ಇಬ್ಬರ ಮುಖವನ್ನೂ ಒಂದೇ ಪದಕದ ಮೇಲೆ ಅಚ್ಚೊತ್ತಿಸಿದರು.

ಹಳದಿ ಗೆರೆಯನ್ನು ಸೂಕ್ಷ್ಮವಾಗಿ ಅಳೆದು, ಅದು ಸೋಡಿಯಂ ಗೆರೆಗಳ ಮಗ್ಗುಲಲ್ಲಿದೆ, ಅದರ ಮೇಲೆ ಅಲ್ಲ, ಎಂದು ತೋರಿಸಿದವರು ಲಾಕ್ಯರ್. ವ್ಯತ್ಯಾಸ ಎಷ್ಟು ಸಣ್ಣದೆಂದರೆ, ಒಂದು ಮಿಲಿಮೀಟರನ್ನು ಹತ್ತು ಲಕ್ಷ ಪಾಲು ಮಾಡಿದರೆ ಸೋಡಿಯಂ ಬೆಳಕಿನ ಅಲೆಯ ಉದ್ದ 589.0 ಮತ್ತು 589.6 ಪಾಲು, ಹೊಸ ಗೆರೆಯದು 587.6 ಪಾಲು. ಭೂಮಿಯಲ್ಲಿ ಯಾವ ಧಾತುವೂ ಅಲ್ಲಿ ಗೆರೆ ತೋರಿಸುತ್ತಿರಲಿಲ್ಲ. ಆ ಅಜ್ಞಾತ ವಸ್ತುವಿಗೆ ಗ್ರೀಕರ ಸೂರ್ಯನಾಮದಿಂದ ಹೀಲಿಯಂ ಎಂದು ಹೆಸರಿಟ್ಟರು. ಬಹಳ ಮಂದಿ ನಂಬಲಿಲ್ಲ. 1895ರಲ್ಲಿ ಲಂಡನ್ನಿನ ವಿಲಿಯಂ ರಾಮ್ಸೆ ಯುರೇನಿಯಂ ಅದಿರಿನ ಒಂದು ಕಲ್ಲಿನಿಂದ ಹೊರಟ ಅನಿಲದಲ್ಲಿ ಅದೇ ಹಳದಿ ಗೆರೆಯನ್ನು ಕಂಡ ಮೇಲೆ ಸಂಶಯ ತೀರಿತು. ಇಂದು ಜಾತ್ರೆಯ ಬಲೂನಿನಲ್ಲಿಯೂ, ದೊಡ್ಡ ಆಸ್ಪತ್ರೆಗಳ ಎಂ.ಆರ್.ಐ. ಯಂತ್ರದ ಅಯಸ್ಕಾಂತವನ್ನು ತಣ್ಣಗಿಡುವುದಕ್ಕೂ ಬಳಕೆಯಾಗುವುದು ಇದೇ ಅನಿಲ.

ಹೀಗೆ ಜಮಖಂಡಿ, ಗುಂಟೂರು, ಲಂಡನ್ನು ಎಲ್ಲವೂ ಸೇರಿ ಇಪ್ಪತ್ತೇಳು ವರ್ಷಗಳಲ್ಲಿ ಒಂದು ಸತ್ಯ ನಿಂತಿತು. ಇದನ್ನು ಒಬ್ಬರ ಹೆಸರಿಗೆ ಬರೆಯಲಾಗದು.

ವಿಶಾಖಪಟ್ಟಣದ ವೇಧಶಾಲೆ

ಈ ಕೆಲಸವೆಲ್ಲ ಬಿಳಿಯರದೇ ಎಂದು ಯಾರಾದರೂ ಕೇಳಬಹುದು. ಉತ್ತರ ವಿಶಾಖಪಟ್ಟಣದಲ್ಲಿಯೇ ಇದೆ. ಇಂದು ಅಂಗಡಿಗಳಿಂದ ತುಂಬಿರುವ ಡಾಬಾ ಗಾರ್ಡನ್ಸಿನಲ್ಲಿ 1840ರ ಹೊತ್ತಿಗೆ ಗೋಡೆ ವೆಂಕಟ ಜಗ್ಗಾರಾವ್ ಎಂಬ ಜಮೀನುದಾರರು ಸ್ವಂತ ಖರ್ಚಿನಲ್ಲಿ ವೇಧಶಾಲೆಯೊಂದನ್ನು ಸ್ಥಾಪಿಸಿದರು. ಅವರು ಮದರಾಸಿಗೆ ಹೋಗಿ, ಅಲ್ಲಿನ ವೇಧಶಾಲೆಯ ಟೇಲರ್ ಎಂಬವರಲ್ಲಿ ಶಿಷ್ಯವೃತ್ತಿ ಮಾಡಿ ಗಣಿತ, ಖಗೋಳಗಳನ್ನು ಕಲಿತು ಬಂದವರು. ಡಾಲ್ಫಿನ್ಸ್ ನೋಸ್ ಗುಡ್ಡದ ಧ್ವಜಸ್ತಂಭದಿಂದ ಹಡಗಿನವರಿಗೆ ಸಮಯ ತಿಳಿಸುವ ಏರ್ಪಾಡೂ ಈ ಮನೆತನದವರ ಕೊಡುಗೆಯೇ. ನಕ್ಷತ್ರ ನೋಡಿ ಗಡಿಯಾರ ಸರಿಪಡಿಸುವುದು ಆ ಕಾಲದಲ್ಲಿ ವಿನೋದವಾಗಿರಲಿಲ್ಲ. ನಡುಗಡಲಿನಲ್ಲಿ ಹಡಗು ಎಲ್ಲಿದೆಯೆಂದು ಲೆಕ್ಕ ಹಾಕಲು ಸರಿಯಾದ ಸಮಯವೇ ಆಧಾರ.

ಜಗ್ಗಾರಾಯರು 1856ರಲ್ಲಿ ತೀರಿಕೊಂಡಾಗ ವೇಧಶಾಲೆ ಮುಚ್ಚಿಹೋಗಬಹುದಾಗಿತ್ತು. ಅವರ ಅಳಿಯ ಅಂಕಿತಂ ವೆಂಕಟ ನರಸಿಂಗರಾಯರು ಅದನ್ನು ಕೈಗೆತ್ತಿಕೊಂಡು, 1892ರಲ್ಲಿ ಕಾಲವಾಗುವವರೆಗೂ ನಡೆಸಿದರು. 1874ರ ಡಿಸೆಂಬರ್ 9ರಂದು ಶುಕ್ರಗ್ರಹ ಸೂರ್ಯಬಿಂಬದ ಮೇಲೆ ಕಪ್ಪು ಚುಕ್ಕೆಯಂತೆ ಹಾದುಹೋದಾಗ ಅವರು ವಿಶಾಖಪಟ್ಟಣದಿಂದ ಅದನ್ನು ಅಳೆದು ಲಂಡನ್ನಿನ ಖಗೋಳ ಸಂಘದ ಪತ್ರಿಕೆಗೆ ಕಳುಹಿಸಿದರು.

ಶುಕ್ರನ ಚುಕ್ಕೆಯಿಂದ ಏನು ಪ್ರಯೋಜನ? ಬೆರಳನ್ನು ಮೂಗಿನ ಮುಂದೆ ಹಿಡಿದು ಒಂದೊಂದೇ ಕಣ್ಣು ಮುಚ್ಚಿ ನೋಡಿದರೆ ಬೆರಳು ಜಾಗ ಬದಲಿಸಿದಂತೆ ಕಾಣುತ್ತದೆ. ಆ ಬದಲಾವಣೆಯಿಂದ ಬೆರಳಿನ ದೂರವನ್ನು ಲೆಕ್ಕ ಹಾಕಬಹುದು. ಹಾಗೆಯೇ ಭೂಮಿಯ ದೂರದೂರದ ಊರುಗಳು ಎರಡು ಕಣ್ಣುಗಳಾಗಿ ಶುಕ್ರನನ್ನು ನೋಡಿದರೆ ಸೂರ್ಯನ ದೂರ ಸಿಗುತ್ತದೆ. ಅದು ಸುಮಾರು 14 ಕೋಟಿ 96 ಲಕ್ಷ ಕಿಲೋಮೀಟರು. ಇದಕ್ಕೆ ಒಂದೇ ವೇಧಶಾಲೆ ಸಾಲದು. ಅನೇಕ ಊರುಗಳ ಲೆಕ್ಕ ಒಟ್ಟುಗೂಡಬೇಕು.

ಇಲ್ಲಿ ಕನ್ನಡಿಗರು ಸಂತೋಷಪಡಬೇಕಾದ ಒಂದು ಸಂಗತಿಯಿದೆ. ಮದರಾಸು ವೇಧಶಾಲೆಯಲ್ಲಿ ತಿಂಗಳ ಸಂಬಳದ ಸಹಾಯಕರಾಗಿ ನಾಲ್ಕು ದಶಕಗಳ ಕಾಲ ದುಡಿದ ಚಿಂತಾಮಣಿ ರಘುನಾಥಾಚಾರ್ಯರು, ಈ ಶುಕ್ರ ಸಂಕ್ರಮವನ್ನು ಜನಸಾಮಾನ್ಯರಿಗೆ ತಿಳಿಸಲು ಕಿರುಹೊತ್ತಗೆಯೊಂದನ್ನು ಬರೆದು ಹಲವು ಭಾಷೆಗಳಲ್ಲಿ ಹೊರಡಿಸಿದರು. ಅವುಗಳಲ್ಲಿ ಕನ್ನಡವೂ ಒಂದು. ಶುದ್ಧ ವಿಜ್ಞಾನವನ್ನು ಕನ್ನಡದಲ್ಲಿ ಹೇಳಲಾಗದೆನ್ನುವವರಿಗೆ 1874ರಲ್ಲಿಯೇ ಉತ್ತರ ಸಿಕ್ಕಿದೆ.

ಇಂದಿನ ಸ್ಥಿತಿ

ಡಾಬಾ ಗಾರ್ಡನ್ಸಿನಲ್ಲಿ ಇಂದು ಆ ವೇಧಶಾಲೆಯಿಲ್ಲ. ಆದರೆ ನರಸಿಂಗರಾಯರ ಕೆಲಸ ಅಳಿದಿಲ್ಲ. ತಾರೀಖು, ಗಂಟೆ, ನಿಮಿಷ, ಸೆಕೆಂಡುಗಳ ಸಹಿತ ಬರೆದು ಅಚ್ಚಿಗೆ ಕೊಟ್ಟದ್ದರಿಂದ ಉಳಿಯಿತು. ಕಟ್ಟಡಕ್ಕಿಂತ ಬರಹಕ್ಕೆ ಆಯುಷ್ಯ ಹೆಚ್ಚು.

ಮದರಾಸು ವೇಧಶಾಲೆಯ ಪರಂಪರೆ ಕೊಡೈಕನಾಲಿನ ಮೂಲಕ ಬೆಂಗಳೂರಿನ ಭಾರತೀಯ ಖಭೌತ ಸಂಸ್ಥೆಗೆ ಬಂದಿದೆ. ಲಡಾಖಿನ ಹಾನ್ಲೆಯಲ್ಲಿ, ಸುಮಾರು 4500 ಮೀಟರ್ ಎತ್ತರದಲ್ಲಿರುವ ಅದರ 2 ಮೀಟರ್ ದೂರದರ್ಶಕವನ್ನು ಉಪಗ್ರಹದ ಮೂಲಕ ನಡೆಸುವುದು ಬೆಂಗಳೂರಿನ ಹತ್ತಿರದ ಹೊಸಕೋಟೆಯಿಂದ. ಅದೇ ಹೊಸಕೋಟೆಯಲ್ಲಿ ಜೋಡಣೆಯಾದ ಒಂದು ಉಪಕರಣವನ್ನು ಹೊತ್ತು ಆದಿತ್ಯ-ಎಲ್1 ನೌಕೆ 2023ರ ಸೆಪ್ಟೆಂಬರ್ 2ರಂದು ಆಂಧ್ರದ ಶ್ರೀಹರಿಕೋಟೆಯಿಂದ ಹಾರಿತು. ಭೂಮಿಯಿಂದ 15 ಲಕ್ಷ ಕಿಲೋಮೀಟರ್ ದೂರದಲ್ಲಿ ನಿಂತ ಆ ಉಪಕರಣ ಸೂರ್ಯಬಿಂಬದ ಬೆಳಕನ್ನು ಮರೆಮಾಡಿ ಕೃತಕ ಗ್ರಹಣವನ್ನುಂಟುಮಾಡುತ್ತದೆ. ಗ್ರಹಣಕ್ಕೆ ಕಾಯಬಾರದೇಕೆ ಎಂದು ಗುಂಟೂರಿನಲ್ಲಿ ಎದ್ದ ಪ್ರಶ್ನೆ ಇಲ್ಲಿಗೆ ಬಂದು ಮುಟ್ಟಿದೆ. ಕನ್ನಡ ನಾಡಿನಲ್ಲಿ ಜೋಡಿಸಿ ಆಂಧ್ರದಿಂದ ಹಾರಿಸಿದ ಈ ಕೆಲಸದಲ್ಲಿ ವಿಜ್ಞಾನಿಗಳಷ್ಟೇ ಅಲ್ಲ, ಬೆಸುಗೆಯವರು, ಫಿಟ್ಟರುಗಳು, ಉಗ್ರಾಣದ ಲೆಕ್ಕದವರು ಎಲ್ಲರ ಕೈಯೂ ಇದೆ.

ನಾವು ಮಾಡಬಹುದಾದುದು

ಬರಿಗಣ್ಣಿನಿಂದಾಗಲಿ, ಎಕ್ಸ್‌ರೇ ಹಾಳೆಯಿಂದಾಗಲಿ, ನೀರಿನ ತಟ್ಟೆಯಲ್ಲಾಗಲಿ ಸೂರ್ಯನನ್ನು ನೋಡಬಾರದು. ಕಣ್ಣು ಶಾಶ್ವತವಾಗಿ ಹೋದೀತು. ರಟ್ಟಿನಲ್ಲಿ ಸೂಜಿಯ ತೂತು ಮಾಡಿ, ಅದರಿಂದ ಹಾಯ್ದ ಬಿಂಬವನ್ನು ಬಿಳಿಯ ಕಾಗದದ ಮೇಲೆ ಬೀಳಿಸಿ ನೋಡುವುದು ಕ್ಷೇಮ. 2031ರ ಮೇ 21ರಂದು ಕೇರಳ, ತಮಿಳುನಾಡುಗಳಲ್ಲಿ ಕಂಕಣ ಗ್ರಹಣವಿದೆ. ವಿಶಾಖಪಟ್ಟಣ, ವಿಜಯವಾಡಗಳಲ್ಲಿ ಅದು ಪಾರ್ಶ್ವಗ್ರಹಣವಾಗಿ ಕಾಣುವುದು. ಅಂದು ಮಕ್ಕಳನ್ನು ಕತ್ತಲೆ ಕೋಣೆಯಲ್ಲಿ ಕೂಡಿಹಾಕದೆ, ಈ ರಟ್ಟನ್ನು ಅವರ ಕೈಗೆ ಕೊಡಬೇಕು.

ಹಳೆಯ ಸಿ.ಡಿ.ಯೊಂದನ್ನು ಟ್ಯೂಬ್‌ಲೈಟಿನ ಕೆಳಗೆ ಓರೆಯಾಗಿ ಹಿಡಿದು ನೋಡಿದರೆ ಬಣ್ಣಗಳು ಬೇರೆಬೇರೆಯಾಗಿ ಕಾಣುತ್ತವೆ. ಬೇರೆ ದೀಪದ ಕೆಳಗೆ ಹಿಡಿದರೆ ಬೇರೆ ಬಗೆ. ಖರ್ಚಿಲ್ಲದ ರೋಹಿತದರ್ಶಕವಿದು. ನೋಡಿದ್ದನ್ನು ತಾರೀಖು, ಸಮಯ, ಸ್ಥಳ ಸಹಿತ ಒಂದು ಪುಸ್ತಕದಲ್ಲಿ ಬರೆದಿಡುವ ಅಭ್ಯಾಸ ಮಾಡಬೇಕು. ಹಾಜರಿ ಪುಸ್ತಕ, ಸರಕಿನ ಪಟ್ಟಿಗಳನ್ನು ದಿನವೂ ತಪ್ಪಿಲ್ಲದೆ ಬರೆಯುವ ನಮ್ಮ ಬಂಧುಗಳಿಗೆ ಇದು ಹೊಸ ವಿದ್ಯೆಯಲ್ಲ. ಕಂಡದ್ದನ್ನು ಕಂಡಂತೆ, ಹೆಚ್ಚೂ ಇಲ್ಲದೆ ಕಡಿಮೆಯೂ ಇಲ್ಲದೆ ಬರೆಯುವುದೇ ವಿಜ್ಞಾನದ ಮೊದಲ ಪಾಠ.