ಕುಂಬಾರನ ಕತ್ತೆ ಮತ್ತು ಹಲ್ಲಿನ ಕಲೆ

ಆಂಧ್ರದ ಸೋಮಂದೇಪಲ್ಲಿಯಿಂದ ಹಿಂದೂಪುರದ ಕಡೆಗೆ ಹೋಗಿ, ಕಲ್ಯಾಣದುರ್ಗದ ಕಡೆಗೆ ಹೋಗಿ, ಗಡಿ ದಾಟಿ ಪಾವಗಡಕ್ಕೇ ಬನ್ನಿ, ನೆಲದಡಿ ಇರುವುದು ಗ್ರಾನೈಟ್ ಜಾತಿಯ ಗಟ್ಟಿ ಕಲ್ಲು. ಮಳೆ ವರ್ಷಕ್ಕೆ ಸುಮಾರು 550 ಮಿಲಿಮೀಟರ್. ಹಾಗಾಗಿ ಬಹಳ ಊರುಗಳಿಗೆ ಕೊಳವೆಬಾವಿಯೇ ಗತಿ. ಈ ಸೀಮೆಯಲ್ಲಿ ಕೆಲವು ಮಕ್ಕಳ ಮುಂದಿನ ಹಲ್ಲುಗಳನ್ನು ಹತ್ತಿರದಿಂದ ನೋಡಿ. ಅಡ್ಡಡ್ಡವಾಗಿ ಸುಣ್ಣದ ಬಣ್ಣದ ಗೀರುಗಳಿರುತ್ತವೆ. ಕೆಲವರಲ್ಲಿ ಅವು ಕಂದು ಪಟ್ಟಿಗಳಾಗಿರುತ್ತವೆ. ಎಷ್ಟು ಉಜ್ಜಿದರೂ ಹೋಗುವುದಿಲ್ಲ.

ಇದಕ್ಕೆ ಕಾರಣವೇನು? ಈ ಪ್ರಶ್ನೆಯನ್ನು ಸರಿಯಾಗಿ ಕೇಳುವುದೇ ಒಂದು ವಿದ್ಯೆ. ಅದನ್ನು ನಿಮಗೆ ಮೊದಲ ಮೆಟ್ಟಿಲಿನಿಂದಲೇ ಪರಿಚಯಿಸಬೇಕೆಂಬುದು ನನ್ನ ಆಸೆ. ನಿಮಗೆ ಕುತೂಹಲವಿದ್ದರೆ ಸಾಕು.

ನಮ್ಮ ಸಂಸ್ಕೃತ ಪಾಠಶಾಲೆಗಳಲ್ಲಿ ತರ್ಕ ಕಲಿಯುವವರ ಕೈಗೆ ಮೊದಲು ಕೊಡುವ ಪುಸ್ತಕ ‘ತರ್ಕಸಂಗ್ರಹ’. ಬರೆದವನು 17ನೆಯ ಶತಮಾನದ ತೆಲುಗು ವಿದ್ವಾಂಸ ಅನ್ನಂಭಟ್ಟ. ಆ ಪರಂಪರೆಯವರು ಕಾರಣಕ್ಕೆ ಮೂರು ಲಕ್ಷಣ ಹೇಳುತ್ತಾರೆ. ಕಾರಣವು ಕಾರ್ಯಕ್ಕಿಂತ, ಅಂದರೆ ಪರಿಣಾಮಕ್ಕಿಂತ, ಮೊದಲು ಇರಬೇಕು. ಯಾವಾಗಲೋ ಒಮ್ಮೆ ಇದ್ದರೆ ಸಾಲದು, ಪ್ರತಿ ಸಲವೂ ಇರಬೇಕು. ಮೂರನೆಯದು ಎಲ್ಲಕ್ಕಿಂತ ಸೂಕ್ಷ್ಮ: ಅದು ‘ಅನ್ಯಥಾಸಿದ್ಧ’ವಾಗಿರಬಾರದು. ಅಲ್ಲಿ ಇದ್ದೂ ಕೆಲಸಕ್ಕೆ ಬೇಕಿಲ್ಲದ್ದು ಎಂದು ಇದರ ಅರ್ಥ. ಅವರು ಕೊಡುವ ಉದಾಹರಣೆ ಕುಂಬಾರನ ಕತ್ತೆ. ಮಡಕೆಗೆ ಮಣ್ಣು ಹೊತ್ತು ತಂದದ್ದು ಕತ್ತೆಯೇ; ಮಡಕೆ ಹುಟ್ಟುವ ಮುಂಚೆ ಅದು ಅಲ್ಲಿತ್ತು, ನಿಜ. ಆದರೆ ಮಣ್ಣು ಗಾಡಿಯಲ್ಲಿ ಬಂದಿದ್ದರೂ ಮಡಕೆ ಆಗುತ್ತಿತ್ತು. ಮಣ್ಣೇ ಇಲ್ಲದಿದ್ದರೆ ಆಗುತ್ತಿರಲಿಲ್ಲ. ಮಣ್ಣು ಕಾರಣ, ಕತ್ತೆ ಅಲ್ಲ.

ಹಾಗಾದರೆ ಕತ್ತೆಯನ್ನು ಗುರುತಿಸುವುದು ಹೇಗೆ? ಎರಡು ಪರೀಕ್ಷೆಗಳಿವೆ. ‘ಅನ್ವಯ’ ಎಂದರೆ ಇದು ಇದ್ದಲ್ಲಿ ಅದು ಇದೆ ಎಂದು ನೋಡುವುದು. ‘ವ್ಯತಿರೇಕ’ ಎಂದರೆ ಇದು ಇಲ್ಲದಲ್ಲಿ ಅದೂ ಇಲ್ಲ ಎಂದು ನೋಡುವುದು. ನಾವೆಲ್ಲ ಮೊದಲನೆಯದಕ್ಕೇ ತೃಪ್ತರಾಗಿಬಿಡುತ್ತೇವೆ. ನನ್ನ ಮಟ್ಟಿಗೆ ಈ ವಿದ್ಯೆಯ ತೂಕವೆಲ್ಲ ಎರಡನೆಯದರಲ್ಲಿದೆ.

ಈಗ ಹಲ್ಲಿಗೆ ಬರೋಣ. ಈ ಕಲೆಯ ಕಾರಣವನ್ನು ಬಿಡಿಸಿದ ಕಥೆ ಶುರುವಾದದ್ದು ಅಮೆರಿಕದಲ್ಲಿ. 1901ರಲ್ಲಿ ಫ್ರೆಡರಿಕ್ ಮೆಕೇ ಎಂಬ ದಂತವೈದ್ಯ ಕೊಲರಾಡೊ ಸ್ಪ್ರಿಂಗ್ಸ್ ಊರಿಗೆ ಬಂದಾಗ ಅಲ್ಲಿನ ಬಹಳ ಜನರ ಹಲ್ಲು ಕಂದಾಗಿತ್ತು. ಕಾರಣ ಆಹಾರವೋ, ಬಡತನವೋ, ಕೊಳಕೋ? ಎಲ್ಲವೂ ಆ ಊರಲ್ಲಿ ಇದ್ದವು, ಕಲೆಯೂ ಇತ್ತು. ಬರೀ ಅನ್ವಯದಿಂದ ಏನೂ ತೀರ್ಮಾನವಾಗದು. ಮುಂದೆ ಐಡಹೊ ರಾಜ್ಯದ ಓಕ್ಲಿ ಊರಿನಲ್ಲಿ ಅವನಿಗೆ ದಾರಿ ಸಿಕ್ಕಿತು. ದೂರದ ಬಿಸಿನೀರಿನ ಬುಗ್ಗೆಯಿಂದ ಊರಿಗೆ ಕೊಳವೆ ಹಾಕಿಸಿದ ಮೇಲೆಯೇ ಮಕ್ಕಳ ಹಲ್ಲು ಕೆಟ್ಟಿತೆಂದು ತಾಯಂದಿರು ಹೇಳಿದರು. ಮೆಕೇ ಸಲಹೆಯಂತೆ ಊರು ಆ ನೀರು ಬಿಟ್ಟು ಬೇರೆ ಬುಗ್ಗೆಗೆ ಹೋಯಿತು. ಕೆಲವೇ ವರ್ಷಗಳಲ್ಲಿ ಕಿರಿಯ ಮಕ್ಕಳಿಗೆ ಕಲೆಯಿಲ್ಲದ ಹಲ್ಲು ಬಂದವು. ಇದೇ ವ್ಯತಿರೇಕ. ನೀರಿನಲ್ಲಿದ್ದದ್ದು ಫ್ಲೋರೈಡ್ ಎಂದು 1931ರಲ್ಲಿ ಚರ್ಚಿಲ್ ಎಂಬ ರಸಾಯನ ವಿಜ್ಞಾನಿ ಕಂಡುಹಿಡಿದ. ಭಾರತದಲ್ಲಿ ಈ ಬೇನೆಯ ವರದಿ ನೆಲ್ಲೂರು ಸೀಮೆಯಿಂದ 1937ರಲ್ಲಿ ಬಂತು. ಅಲ್ಲಿ ಹಲ್ಲು ಮಾತ್ರವಲ್ಲ, ಬೆನ್ನೆಲುಬೂ ಬಿಗಿದುಕೊಂಡಿತ್ತು.

ಓಕ್ಲಿಯ ದೊಡ್ಡ ಮಕ್ಕಳ ಕಲೆ ಹೋಗಲಿಲ್ಲವಲ್ಲ, ಹಾಗಾದರೆ ನೀರು ಕಾರಣವಲ್ಲವೇ ಎಂದು ನೀವು ಕೇಳಬಹುದು. ಒಳ್ಳೆಯ ಪ್ರಶ್ನೆ. ಹಲ್ಲಿನ ಹೊರಗವಚ ತಯಾರಾಗುವುದು ಹಲ್ಲು ಮೂಡುವ ಮುಂಚೆ, ಒಸಡಿನೊಳಗೆ. ಏಳನೆಯ ವಯಸ್ಸಿನಲ್ಲಿ ಕಾಣುವ ಮುಂಬಲ್ಲು ಎರಡನೆಯ ವಯಸ್ಸಿನಲ್ಲಿ ಕುಡಿದ ನೀರಿನ ಗುರುತು ಹೊತ್ತಿರುತ್ತದೆ. ಕಾರಣಕ್ಕೂ ಕಾರ್ಯಕ್ಕೂ ನಡುವೆ ಐದು ವರ್ಷ ಮಲಗಿರಬಹುದು. ಆದ್ದರಿಂದಲೇ ಜನ ಇವತ್ತಿನ ಟೂತ್‌ಪೇಸ್ಟನ್ನೋ, ಮಗುವಿನ ಸೋಮಾರಿತನವನ್ನೋ ದೂರುತ್ತಾರೆ. ಅವೆಲ್ಲ ಕುಂಬಾರನ ಕತ್ತೆಗಳು. ಕಲೆ ಬಿದ್ದ ಮಗುವನ್ನು ಸರಿಯಾಗಿ ಹಲ್ಲುಜ್ಜಲಿಲ್ಲವೆಂದು ಬೈಯುವುದು ಅನ್ಯಾಯ.

ಯಾವುದು ಮೊದಲು, ಯಾವುದು ಆಮೇಲೆ ಎಂಬುದರ ಇನ್ನೊಂದು ತೊಡಕು ನಮ್ಮ ಕೊಳವೆಬಾವಿಗಳ ಸೀಮೆಯಲ್ಲೇ ಇದೆ. ಅಂತರ್ಜಲ ಇಳಿದದ್ದಕ್ಕೆ ಬೋರು ಆಳಕ್ಕೆ ಕೊರೆದರೋ, ಆಳಕ್ಕೆ ಕೊರೆದು ಎತ್ತಿದ್ದಕ್ಕೆ ಜಲ ಇಳಿಯಿತೋ? ಎರಡೂ ನಿಜ. ಆದರೆ ಒಂದೊಂದಕ್ಕೂ ಇಸವಿ ಹಾಕಿ ನೋಡಿ: ಹೋದ ವರ್ಷ ಎತ್ತಿದ ನೀರು ಈ ವರ್ಷ ಮಟ್ಟ ಇಳಿಸಿತು, ಇಳಿದ ಮಟ್ಟ ಮುಂದಿನ ವರ್ಷದ ಬೋರನ್ನು ಆಳಕ್ಕೆ ಕಳಿಸಿತು. ಕಾಲವನ್ನು ಬಿಡಿಸಿದರೆ ಗಂಟು ಬಿಚ್ಚಿಕೊಳ್ಳುತ್ತದೆ.

ಮತ್ತೆ ಹಲ್ಲಿನ ಮಾತಿಗೆ ಬಂದರೆ, ನಿಮ್ಮ ಮನೆಯಲ್ಲಿ ಎಳೆಯ ಮಗುವಿದ್ದು ಕೊಳವೆಬಾವಿಯ ನೀರು ಕುಡಿಯುತ್ತಿದ್ದರೆ, ದಯವಿಟ್ಟು ಆ ನೀರನ್ನು ಪ್ರಯೋಗಾಲಯದಲ್ಲಿ ಪರೀಕ್ಷೆ ಮಾಡಿಸಿ. ಲೀಟರಿಗೆ 1.5 ಮಿಲಿಗ್ರಾಂ ಮೀರಿದ ಫ್ಲೋರೈಡ್ ಇದ್ದರೆ ಮಗುವಿಗೆ ಬೇರೆ ನೀರು ಬೇಕು. ಫ್ಲೋರೈಡಿಗೆ ರುಚಿಯಿಲ್ಲ, ವಾಸನೆಯಿಲ್ಲ, ಕುದಿಸಿದರೂ ಹೋಗುವುದಿಲ್ಲ.