ಮರಳಿನಿಂದ ಮರಳುವ ಕಾಲ: ರಿವೈಂಡ್ ಬಟನ್ ಒಳಗೆ ಏನಿದೆ?

‘ಪ್ರಿನ್ಸ್ ಆಫ್ ಪರ್ಷಿಯಾ: ದಿ ಸ್ಯಾಂಡ್ಸ್ ಆಫ್ ಟೈಮ್’ ಆಟ ಬಂದದ್ದು 2003ರಲ್ಲಿ, ಯೂಬಿಸಾಫ್ಟ್‌ನ ಮಾಂಟ್ರಿಯಲ್ ಸ್ಟುಡಿಯೋದಿಂದ. ಕಥೆ ಶುರುವಾಗೋದು ಭಾರತದ ಒಬ್ಬ ಮಹಾರಾಜನ ಅರಮನೆಯಲ್ಲಿ. ಪರ್ಷಿಯಾದ ರಾಜಕುಮಾರ ಅಲ್ಲಿಂದ ಒಂದು ಕಠಾರಿಯನ್ನು ದೋಚಿಕೊಂಡು ಹೋಗ್ತಾನೆ. ಅದರ ಹಿಡಿಯಲ್ಲಿ ಮರಳು ತುಂಬಿರುತ್ತೆ. ಆಡುವವರು ಬಟನ್ ಒತ್ತಿ ಹಿಡಿದರೆ ಕಾಲ ಕೆಲವು ಸೆಕೆಂಡು ಹಿಂದಕ್ಕೆ ಓಡುತ್ತೆ. ಗೋಡೆಯಿಂದ ಜಾರಿ ಬಿದ್ದು ಸತ್ತ ರಾಜಕುಮಾರ ಮತ್ತೆ ಗೋಡೆ ಮೇಲೆ!

ಇಂಥ ಕಠಾರಿಯನ್ನು ನಾವೇ ಕೋಡ್‌ನಲ್ಲಿ ಬರೆಯೋದಾದರೆ ಹೇಗೆ? ಹಂತ ಹಂತವಾಗಿ ನೋಡೋಣ.

ಮೊದಲು ಹೊಳೆಯೋ ಉಪಾಯ: ಸಮೀಕರಣಗಳನ್ನು ಉಲ್ಟಾ ಓಡಿಸೋದು. ವೇಗದ ಚಿಹ್ನೆ ಬದಲಿಸಿದರೆ ಸಾಕಲ್ವಾ? ಸಾಲದು. ನೆಲದ ಮೇಲೆ ಉರುಳುವ ಚೆಂಡಿನ ವೇಗವನ್ನು ಪ್ರತಿ ಫ್ರೇಮ್‌ನಲ್ಲೂ 0.9ರಿಂದ ಗುಣಿಸ್ತೀವಿ, ತೀರಾ ಕಡಿಮೆಯಾದಾಗ ಸೊನ್ನೆ ಮಾಡ್ತೀವಿ ಅಂತಿಟ್ಟುಕೊಳ್ಳಿ. ನಿಂತ ಚೆಂಡನ್ನು ನೋಡಿ ಅದು ಎಡಗಡೆಯಿಂದ ಬಂತೋ ಬಲಗಡೆಯಿಂದ ಬಂತೋ ಹೇಳೋಕಾಗುತ್ತಾ? ಆಗಲ್ಲ. ಹಲವು ಭೂತಕಾಲಗಳು ಒಂದೇ ವರ್ತಮಾನಕ್ಕೆ ಬಂದು ಸೇರಿವೆ, ದಾರಿಯ ಮಾಹಿತಿ ಅಳಿಸಿಹೋಗಿದೆ. ಸೊನ್ನೆಯನ್ನು 0.9ರಿಂದ ಭಾಗಿಸಿದರೂ ಸಿಗೋದು ಸೊನ್ನೆಯೇ.

ಆದ್ದರಿಂದ ಎರಡನೇ ಉಪಾಯ: ಮೊದಲೇ ಬರೆದಿಟ್ಟುಕೊಳ್ಳೋದು. ಪ್ರತಿ ಫ್ರೇಮ್‌ನಲ್ಲೂ ಪ್ರತಿ ವಸ್ತುವಿನ ಸ್ಥಿತಿಯನ್ನು ದಾಖಲಿಸಬೇಕು. ಸ್ಥಾನಕ್ಕೆ ಮೂರು ಫ್ಲೋಟ್, ಅಂದರೆ 12 ಬೈಟ್. ತಿರುಗಿದ ದಿಕ್ಕಿಗೆ ಕ್ವಾಟರ್ನಿಯನ್, 16 ಬೈಟ್. ಯಾವ ಅನಿಮೇಷನ್, ಅದು ಎಲ್ಲಿಗೆ ಬಂದಿದೆ, ಆರೋಗ್ಯ ಎಷ್ಟು ಅನ್ನೋದಕ್ಕೆ ತಲಾ 4. ಒಟ್ಟು 40 ಬೈಟ್. ಸೆಕೆಂಡಿಗೆ 30 ಫ್ರೇಮ್‌ನಂತೆ 10 ಸೆಕೆಂಡಿಗೆ 300 ಫ್ರೇಮ್. ಚಲಿಸುವ ವಸ್ತುಗಳು 100 ಇದ್ದರೆ 40 × 300 × 100 = 12,00,000 ಬೈಟ್, ಸುಮಾರು 1.2 ಎಂಬಿ. ಆಗಿನ ಪ್ಲೇಸ್ಟೇಷನ್ 2ರ ಮುಖ್ಯ ಮೆಮೊರಿಯೇ 32 ಎಂಬಿ. ಹತ್ತು ಸೆಕೆಂಡಿನ ಭೂತಕಾಲ ಅದರಲ್ಲಿ ಹಿಡಿಸುತ್ತೆ. ಹತ್ತು ನಿಮಿಷದ್ದು ಬೇಕು ಅಂದರೆ 72 ಎಂಬಿ, ಹಿಡಿಸಲ್ಲ.

ಇಲ್ಲಿ ನಮ್ಮ ಡೇಟಾ ಸ್ಟ್ರಕ್ಚರ್ಸ್ ಕ್ಲಾಸಿನ ಸರ್ಕ್ಯುಲರ್ ಬಫರ್ ಕೆಲಸಕ್ಕೆ ಬರುತ್ತೆ. 300 ಕೋಣೆಗಳ ಒಂದು ಅರೇ. ಬರೆಯಬೇಕಾದ ಕೋಣೆ ಯಾವುದು ಅಂದರೆ ಫ್ರೇಮ್ ಸಂಖ್ಯೆಯನ್ನು 300ರಿಂದ ಭಾಗಿಸಿದಾಗ ಉಳಿಯುವ ಶೇಷ. 301ನೇ ದಾಖಲೆ ಅತಿ ಹಳೆಯದರ ಮೇಲೆ ಕೂರುತ್ತೆ. ಬಟನ್ ಒತ್ತಿದಾಗ ಹೊಸದರಿಂದ ಹಳೆಯದರ ಕಡೆಗೆ ಓದುತ್ತಾ ಹೋದರಾಯಿತು.

ಈಗ ನಿಜವಾದ ಪ್ರಶ್ನೆ: ಯಾವುದನ್ನು ಹಿಂದಕ್ಕೆ ಓಡಿಸಬಾರದು? ಆಟದಲ್ಲಿ ಒಂದೊಂದು ರಿವೈಂಡ್‌ಗೂ ಮರಳು ಖರ್ಚಾಗುತ್ತೆ. ಮರಳು ಮುಗಿದಾಗ ಬಿದ್ದರೆ ಕಥೆ ಅಲ್ಲಿಗೇ ಮುಗೀತು. ಮರಳಿನ ಲೆಕ್ಕವನ್ನೂ ಬಫರ್‌ಗೆ ಹಾಕಿಬಿಟ್ಟರೆ? ಕಾಲದ ಜೊತೆ ಖರ್ಚಾದ ಮರಳೂ ಮರಳಿ ಬರುತ್ತೆ, ಕಠಾರಿ ಎಂದೂ ಖಾಲಿಯಾಗಲ್ಲ, ಬೀಳುವ ಭಯವೇ ಇರಲ್ಲ. ಹಾಗಾಗಿ ವೇರಿಯಬಲ್‌ಗಳಲ್ಲಿ ಎರಡು ಜಾತಿ: ಕಾಲದ ಒಳಗಿರುವವು, ಕಾಲದ ಹೊರಗಿರುವವು. ಮರಳಿನ ಲೆಕ್ಕ ಹೊರಗಿನದು. ಆಡುವವರ ನೆನಪೂ ಹೊರಗಿನದೇ, ಅದಕ್ಕೇ ಎರಡನೇ ಸಲ ಜಿಗಿತ ಸರಿಹೋಗುತ್ತೆ. ಕಥೆಯ ಕೊನೆಯೂ ಇದೇ ನಿಯಮದ್ದು. ಎಲ್ಲವೂ ಮೊದಲಿಗೆ ಹಿಂದಿರುಗಿದಾಗ ರಾಜಕುಮಾರನಿಗೆ ಎಲ್ಲ ನೆನಪಿದೆ. ಜೊತೆಗೆ ಹೋರಾಡಿದ ಫರಾಗೆ ಅವನು ಯಾರೆಂದೇ ಗೊತ್ತಿಲ್ಲ.

ಆಟದಾಚೆಗೂ ಈ ಗೆರೆ ಎಳೆಯಲೇಬೇಕು. ಡೇಟಾಬೇಸ್‌ನಲ್ಲಿ ಟ್ರಾನ್ಸಾಕ್ಷನ್ ರೋಲ್‌ಬ್ಯಾಕ್ ಮಾಡಿದರೆ ಟೇಬಲ್ ಹಳೆಯ ಸ್ಥಿತಿಗೆ ಬರುತ್ತೆ, ಆದರೆ ಮಧ್ಯದಲ್ಲಿ ಗ್ರಾಹಕರಿಗೆ ಹೋದ ಎಸ್‌ಎಂಎಸ್ ವಾಪಸ್ ಬರಲ್ಲ. ಆದ್ದರಿಂದ ಕಮಿಟ್ ಆದಮೇಲೇ ಎಸ್‌ಎಂಎಸ್ ಕಳಿಸಬೇಕು. ಪ್ರಾಜೆಕ್ಟ್ ಕೋಡ್ ಕೂಡ ಅಷ್ಟೇ. ಗಿಟ್‌ಗೆ ಒಪ್ಪಿಸದೇ ಇದ್ದ ಬದಲಾವಣೆಯನ್ನು ಗಿಟ್ ತಂದುಕೊಡಲಾರದು. ಕಠಾರಿಯ ಗುಟ್ಟು ಬಟನ್ ಒತ್ತುವ ಕ್ಷಣದಲ್ಲಿಲ್ಲ. ಬೀಳುವ ಮೊದಲೇ ಏನೇನು ಬರೆದಿಟ್ಟಿದ್ದೆವು ಅನ್ನೋದರಲ್ಲಿದೆ.

ಮಾಡಿ ನೋಡಿ: ಪುಟಿಯುವ ಒಂದು ಚೆಂಡಿನ ಪ್ರೋಗ್ರಾಂ ಬರೆದು 300 ಕೋಣೆಗಳ ಬಫರ್ ಸೇರಿಸಿ. ಆಮೇಲೆ ಸ್ಕೋರ್ ಒಂದನ್ನು ಸೇರಿಸಿ, ಅದು ಕಾಲದ ಒಳಗಿರಬೇಕೋ ಹೊರಗಿರಬೇಕೋ ಎಂದು ಗೆಳೆಯರ ಜೊತೆ ಜಗಳವಾಡಿ. ಆಟದ ರುಚಿ ಪೂರ್ತಿ ಬದಲಾಗುವುದು ಆ ಒಂದು ತೀರ್ಮಾನದಿಂದ.