ಅಳತೆಗೆ ತಕ್ಕ ಸಂಖ್ಯೆ

ಎಣಿಸುವುದು ಬೇರೆ, ಅಳೆಯುವುದು ಬೇರೆ. ಮನೆಮಂದಿಯನ್ನು ಎಣಿಸುತ್ತೇವೆ, ಕೊಡದ ನೀರನ್ನು ಅಳೆಯುತ್ತೇವೆ. ಎರಡಕ್ಕೂ ಒಂದೇ ಬಗೆಯ ಸಂಖ್ಯೆಗಳು ಒದಗುವುದಿಲ್ಲ. ಯಾವ ಸಂದರ್ಭಕ್ಕೆ ಯಾವ ಸಂಖ್ಯಾಗಣ ತಕ್ಕುದೆಂಬುದನ್ನು ಅರಿಯದಿದ್ದರೆ, ಲೆಕ್ಕ ಸರಿಯಾಗಿದ್ದರೂ ಉತ್ತರ ತಪ್ಪಾಗಬಹುದು.

ಸ್ವಾಭಾವಿಕ ಸಂಖ್ಯೆಗಳು

2011ರ ಜನಗಣತಿಯಂತೆ ದೇಶದಲ್ಲಿದ್ದ ಕನ್ನಡ ಭಾಷಿಕರು 4,37,06,512 ಮಂದಿ. ಇಲ್ಲಿ ಅರ್ಧ, ಕಾಲು ಎಂಬ ಮಾತಿಗೆ ಎಡೆಯಿಲ್ಲ. 130 ಯಾತ್ರಿಕರಿಗೆ 40 ಆಸನಗಳ ಬಸ್ಸುಗಳು ಎಷ್ಟು ಬೇಕು? ಭಾಗಿಸಿದರೆ 3.25 ಬರುತ್ತದೆ. ಸಮೀಪದ ಸಂಖ್ಯೆ 3 ಎಂದು ಬಗೆದರೆ 10 ಮಂದಿ ನಿಲ್ದಾಣದಲ್ಲಿಯೇ ಉಳಿಯುತ್ತಾರೆ. ಸರಿಯಾದ ಉತ್ತರ 4.

ಪೂರ್ಣಾಂಕಗಳು

ಸೊನ್ನೆಯ ಎರಡೂ ಬದಿಗೆ ಬೆಲೆಯಿರುವಲ್ಲಿ ಚಿಹ್ನೆ ಅವಶ್ಯಕ. ಕೇರಳದ ಕುಟ್ಟನಾಡಿನಲ್ಲಿ ಸಮುದ್ರಮಟ್ಟಕ್ಕಿಂತ ತಗ್ಗಿನಲ್ಲಿ ಭತ್ತ ಬೆಳೆಯುತ್ತಾರೆ. ಅಂಥ ಗದ್ದೆಯ ಎತ್ತರ ಋಣಸಂಖ್ಯೆ. ಕ್ರಿ.ಶ. 628ರಲ್ಲಿ ಬ್ರಹ್ಮಗುಪ್ತನು ಧನ, ಋಣಗಳ ಲೆಕ್ಕಕ್ಕೆ ನಿಯಮಗಳನ್ನು ವಿಧಿಸಿದನು. ಅವೇ ಪದಗಳು ಇಂದಿಗೂ ಕನ್ನಡ ಗಣಿತದಲ್ಲಿವೆ. ರಾತ್ರಿ –4 ಡಿಗ್ರಿ, ಹಗಲು 7 ಡಿಗ್ರಿ ತಾಪಮಾನವಿದ್ದರೆ ಅಂತರ 11 ಡಿಗ್ರಿ, 3 ಅಲ್ಲ.

ಭಾಗಲಬ್ಧ ಸಂಖ್ಯೆಗಳು

1957ರ ಏಪ್ರಿಲ್ 1ರಂದು, 16 ಆಣೆಯ ರೂಪಾಯಿಯು 100 ನಯಾ ಪೈಸೆಗಳ ರೂಪಾಯಿಯಾಯಿತು. ಒಂದಾಣೆಯ ಬೆಲೆ 6.25 ಪೈಸೆ. ಕಾಲು ಪೈಸೆಯ ನಾಣ್ಯವಿಲ್ಲದ್ದರಿಂದ ಅದನ್ನು ಸಮೀಪದ 6 ಪೈಸೆಗೆ ಇಳಿಸಬೇಕಾಯಿತು. ನಾಲ್ಕಾಣೆಯನ್ನು ಒಟ್ಟಿಗೆ ಪರಿವರ್ತಿಸಿದರೆ ಸರಿಯಾಗಿ 25 ಪೈಸೆ. ಒಂದೊಂದೇ ಆಣೆಯಾಗಿ ಇಳಿಸಿ ಕೂಡಿದರೆ 24. ಆದುದರಿಂದ ಭಿನ್ನರಾಶಿಯನ್ನು ಕೊನೆಯ ಹಂತದವರೆಗೂ ಉಳಿಸಿಕೊಂಡು, ಬಳಿಕವೇ ಅಂದಾಜಿಗೆ ತರಬೇಕು. ಕೆಲವೆಡೆ ಅಂದಾಜೇ ಸಲ್ಲದು. ವೈದ್ಯರು ಮಗುವಿಗೆ 2.5 ಮಿಲಿಲೀಟರ್ ಔಷಧಿ ಬರೆದಿರುವಾಗ 3 ಕೊಟ್ಟರೆ ಪ್ರಮಾಣವು ಶೇಕಡಾ 20ರಷ್ಟು ಹೆಚ್ಚಾಗುತ್ತದೆ.

ವಾಸ್ತವ ಸಂಖ್ಯೆಗಳು

10 ಮೀಟರ್ ಬದಿಯ ಚೌಕ ನಿವೇಶನದ ಕರ್ಣವು 200ರ ವರ್ಗಮೂಲ. ಇದನ್ನು ಯಾವ ಭಿನ್ನರಾಶಿಯೂ ಪೂರ್ಣವಾಗಿ ಹೇಳಲಾರದು, ಇದು ಅಭಾಗಲಬ್ಧ. ಭಾಗಲಬ್ಧ, ಅಭಾಗಲಬ್ಧಗಳೆರಡೂ ಸೇರಿದುದೇ ವಾಸ್ತವ ಸಂಖ್ಯಾಗಣ. ಬೌಧಾಯನ ಶುಲ್ಬಸೂತ್ರವು 2ರ ವರ್ಗಮೂಲಕ್ಕೆ 577/408 ಎಂಬ ಸಮೀಪದ ಬೆಲೆಯನ್ನು ನೀಡುತ್ತದೆ. ಆರ್ಯಭಟನು ವೃತ್ತದ ಪರಿಧಿಗೂ ವ್ಯಾಸಕ್ಕೂ ಇರುವ ಅನುಪಾತವನ್ನು 62832/20000, ಅಂದರೆ 3.1416 ಎಂದು ಹೇಳಿ, ಅದು 'ಆಸನ್ನ', ಅಂದರೆ ಸಮೀಪದ ಬೆಲೆ ಎಂದು ಸೂಚಿಸಿದನು. ಈ ಎಚ್ಚರವು ನಮಗೂ ಇರಬೇಕು. ಮಿಲಿಮೀಟರ್ ಗೆರೆಗಳಿರುವ ಟೇಪಿನಿಂದ ಅಳೆದವರು ಕರ್ಣವನ್ನು 14.142 ಮೀಟರ್ ಎಂದು ಬರೆಯಬಹುದು. ಕ್ಯಾಲ್ಕುಲೇಟರ್ ತೋರಿಸುವ ಮುಂದಿನ ಅಂಕಿಗಳನ್ನು ಸೇರಿಸಿದರೆ, ಅಳೆಯದೇ ಇದ್ದುದನ್ನು ಅಳೆದೆವೆಂದು ಹೇಳಿದಂತಾಗುತ್ತದೆ.

ನೆನಪಿಡಬೇಕಾದ ಪ್ರಶ್ನೆಗಳು

1. ಇದು ಎಣಿಕೆಯೋ, ಅಳತೆಯೋ?
2. ಬೆಲೆಯು ಸೊನ್ನೆಗಿಂತ ಕೆಳಗಿಳಿಯಬಲ್ಲುದೇ?
3. ಭಾಗ ಮಾಡಿದರೆ ಅರ್ಥ ಉಳಿಯುವುದೇ?
4. ಅಳತೆಯ ಸಾಧನವು ಎಷ್ಟು ಸೂಕ್ಷ್ಮವಾಗಿದೆ?

ಈ ನಾಲ್ಕಕ್ಕೆ ಉತ್ತರ ದೊರೆತ ಮೇಲೆ ಲೆಕ್ಕವನ್ನು ಆರಂಭಿಸುವುದು ಉಚಿತ.